ನೆಲದೊಳಗಿಂದ ಹೊಗೆಯಾಡಿದ ಊರು

ಅಮೆರಿಕಾ ಸಂಯುಕ್ತ ಸಂಸ್ಥಾನಗಳ ಭೂಪಟದ ಹೆಚ್ಚುಕಡಮೆ ನಡುಮಧ್ಯದಲ್ಲಿ ಕಾನ್ಸಾಸ್ ಸಂಸ್ಥಾನವಿದೆ. ಅದರ ವಾಯವ್ಯ ಭಾಗದ ವಿಶಾಲ ಬಯಲಿನಲ್ಲಿ ಗ್ರಹಾಂ ಕೌಂಟಿ ಎಂಬ ಪ್ರದೇಶವೊಂದುಂಟು. ಕೌಂಟಿ ಎಂದರೆ ನಮ್ಮ ಜಿಲ್ಲೆಯನ್ನು ಹೋಲುವ ಆಡಳಿತ ವಿಭಾಗ. ಗ್ರಹಾಂ ಕೌಂಟಿಯ ವಿಸ್ತೀರ್ಣ ಸುಮಾರು 900 ಚದರ ಮೈಲಿ. ಜನಸಂಖ್ಯೆಯಾದರೋ 2020ರ ಗಣತಿಯಂತೆ ಎರಡೂವರೆ ಸಾವಿರವನ್ನೂ ಮುಟ್ಟದು. ಗೋಧಿಯ ಹೊಲಗಳು, ದನಗಳ ಹುಲ್ಲುಗಾವಲು, ನೇರವಾದ ರಸ್ತೆಗಳು. ದಾರಿಹೋಕನು ಕಾರು ನಿಲ್ಲಿಸಿ ನೋಡುವಂತಹ ವಿಶೇಷವೇನೂ ಮೇಲುನೋಟಕ್ಕೆ ಕಾಣುವುದಿಲ್ಲ.

ಆದರೂ ಈ ಕೌಂಟಿಯ ಪೂರ್ವದಂಚಿನಲ್ಲಿ ರಾಷ್ಟ್ರೀಯ ಸ್ಮಾರಕವೆಂದು ಸರ್ಕಾರ ಕಾಪಾಡಿಕೊಂಡು ಬಂದಿರುವ ಪುಟ್ಟ ಊರೊಂದಿದೆ. ಅದರ ಹೆಸರು ನಿಕೋಡೀಮಸ್. ನಿನ್ನೆಮೊನ್ನೆಯವರೆಗೆ ಪರರ ಸೊತ್ತಾಗಿದ್ದವರು ತಮ್ಮದೇ ಸೊತ್ತೆಂದು ಹೇಳಿಕೊಳ್ಳಲು ಒಂದಿಷ್ಟು ನೆಲವನ್ನು ಅರಸಿ ಬಂದು ಕಟ್ಟಿದ ಊರು ಅದು.

ಅಮೆರಿಕೆಯಲ್ಲಿ ಗುಲಾಮಗಿರಿಯು ಸಂವಿಧಾನದ 13ನೆಯ ತಿದ್ದುಪಡಿಯಿಂದ ಪೂರ್ಣವಾಗಿ ರದ್ದಾದುದು 1865ರ ಡಿಸೆಂಬರಿನಲ್ಲಿ. ಬಂಧನವೇನೋ ಕಳಚಿತು; ಆದರೆ ಉಳಲು ನೆಲವಿಲ್ಲದವನಿಗೆ ಬಿಡುಗಡೆಯಿಂದ ಹೊಟ್ಟೆ ತುಂಬುವುದೆಂತು? ಕೆಂಟಕಿ ಸಂಸ್ಥಾನದ ಕಪ್ಪು ಜನರು ಹಳೆಯ ಯಜಮಾನರ ಹೊಲಗಳಲ್ಲಿಯೇ ಕೂಲಿಗಾಗಿಯೋ ಪಾಲಿಗಾಗಿಯೋ ದುಡಿಯುತ್ತ, ಬಿಳಿಯರ ದೊಂಬಿಗಳಿಗೆ ಅಂಜುತ್ತ ಹನ್ನೆರಡು ವರ್ಷಗಳನ್ನು ಕಳೆದರು. ಅತ್ತ ಪಶ್ಚಿಮದಲ್ಲಿ 1862ರ ಕಾಯಿದೆಯೊಂದರ ಪ್ರಕಾರ ಅಲ್ಪ ಶುಲ್ಕ ತೆತ್ತು, ಐದು ವರ್ಷ ಅಲ್ಲಿಯೇ ನೆಲಸಿ ಸಾಗುವಳಿ ಮಾಡಿದವನಿಗೆ 160 ಎಕರೆ ಭೂಮಿ ಸ್ವಂತವಾಗುತ್ತಿದ್ದಿತು. ಕಪ್ಪು ಜನರಿಗೂ ಈ ಕಾಯಿದೆ ಅನ್ವಯಿಸುತ್ತಿದ್ದಿತು.

1877ರ ಏಪ್ರಿಲಿನಲ್ಲಿ ಡಬ್ಲ್ಯು. ಎಚ್. ಸ್ಮಿತ್ ಎಂಬ ಕಪ್ಪು ಪಾದ್ರಿಯೂ ಡಬ್ಲ್ಯು. ಆರ್. ಹಿಲ್ ಎಂಬ ಬಿಳಿಯ ಭೂವ್ಯಾಪಾರಿಯೂ ಇನ್ನು ಕೆಲವರೊಡನೆ ಸೇರಿ ಊರು ಕಟ್ಟುವ ಸಂಘವೊಂದನ್ನು ಸ್ಥಾಪಿಸಿದರು. ಕೆಂಟಕಿಯ ಚರ್ಚುಗಳಲ್ಲಿ ಕರಪತ್ರಗಳು ಹಂಚಲ್ಪಟ್ಟವು, ಭಾಷಣಗಳಾದವು. ಫಲವತ್ತಾದ ಮಣ್ಣು, ಬೇಟೆಗೆ ಬೇಕಾದಷ್ಟು ಪ್ರಾಣಿಗಳು, ಏಳಲಿರುವ ಪಟ್ಟಣ ಎಂದು ಹಿಲ್ ಮಹಾಶಯನು ಬಣ್ಣಿಸಿದನು. ಮಣ್ಣಿನ ವಿಷಯದಲ್ಲಿ ಆತ ಹೇಳಿದುದು ತೀರ ಸುಳ್ಳಲ್ಲ. ಪಟ್ಟಣದ ವಿಷಯದಲ್ಲಿ ಮಾತ್ರ ಆತನ ನಾಲಗೆ ಕಾಲಕ್ಕಿಂತ ಬಹಳ ಮುಂದೆ ಓಡಿದ್ದಿತು.

ಊರಿಗೆ ಆ ಹೆಸರು ಬಂದ ಬಗೆಯಲ್ಲಿ ಭಿನ್ನಾಭಿಪ್ರಾಯವಿದೆ. ಬೈಬಲಿನ ನಿಕೋಡೀಮಸನ ಹೆಸರೆಂದು ಕೆಲವರು ಹೇಳುತ್ತಾರೆ. ಆಫ್ರಿಕದಿಂದ ಸೆರೆಯಾಗಿ ಬಂದು ತನ್ನ ಬಿಡುಗಡೆಯನ್ನು ತಾನೇ ಕೊಂಡುಕೊಂಡನೆನ್ನಲಾದ ಒಬ್ಬ ಗುಲಾಮನ ಹೆಸರೆಂಬುದು ಮತ್ತೆ ಕೆಲವರ ಮತ. 1864ರಲ್ಲಿ ಹೆನ್ರಿ ಕ್ಲೇ ವರ್ಕ್ ಎಂಬಾತನು ಕಟ್ಟಿದ ಹಾಡೊಂದರಲ್ಲಿಯೂ ಅಂತಹ ಗುಲಾಮನೊಬ್ಬ ಬರುತ್ತಾನೆ.

1877ರ ಸೆಪ್ಟೆಂಬರಿನಲ್ಲಿ ಕೆಂಟಕಿಯಿಂದ ಮುನ್ನೂರಕ್ಕೂ ಮೇಲ್ಪಟ್ಟು ಜನ ರೈಲು ಹತ್ತಿದರು. ಎಲ್ಲಿಸ್ ಎಂಬ ನಿಲ್ದಾಣದಲ್ಲಿ ರೈಲಿನ ಸುಖ ಮುಗಿಯಿತು. ಅಲ್ಲಿಂದ ಮುಂದೆ ಸುಮಾರು 35 ಮೈಲಿ ದಾರಿಯಿಲ್ಲದ ಬಯಲು. ಸಾಮಾನುಗಳನ್ನು ಹೊತ್ತು, ಮಕ್ಕಳ ಕೈಹಿಡಿದು ಅವರು ನಡೆದು ತಲಪಿದಾಗ ಕಂಡುದೇನು? ಒಂದು ಬೀದಿಯಿಲ್ಲ, ಒಂದು ಮನೆಯಿಲ್ಲ. ಮೋಸಹೋದೆವೆಂದು ಕೆರಳಿದ ಜನರು ಹಿಲ್‌ನನ್ನು ಗಲ್ಲಿಗೇರಿಸಲು ಹೊರಟರೆಂದೂ, ಆತ ಅಡಗಿಕೊಂಡು ಪ್ರಾಣ ಉಳಿಸಿಕೊಂಡನೆಂದೂ ಹೇಳಿಕೆಯಿದೆ. ಹಲವಾರು ಕುಟುಂಬಗಳು ಬಂದ ದಾರಿಯಲ್ಲಿಯೇ ಹಿಂತಿರುಗಿದವು. ಉಳಿದವರಲ್ಲಿ ಅನೇಕರಿಗೆ ಹಿಂತಿರುಗಲು ಕಾಸೂ ಇರಲಿಲ್ಲ.

ಮರುವರ್ಷದ ವಸಂತದಲ್ಲಿ ಬಂದ ಇನ್ನೊಂದು ತಂಡದಲ್ಲಿ ವಿಲಿಯಾನಾ ಹಿಕ್‌ಮನ್ ಎಂಬಾಕೆ ಇದ್ದಳು. ಪಾದ್ರಿ ಡೇನಿಯಲ್ ಹಿಕ್‌ಮನ್‌ನ ಹೆಂಡತಿ. ಎಲ್ಲಿಸ್‌ನಲ್ಲಿ ತಂಗಿದ್ದಾಗ ತಂಡದ ಮಕ್ಕಳಿಗೆ ದಡಾರ ತಗಲಿ ಕೆಲವು ಅಲ್ಲಿಯೇ ತೀರಿಕೊಂಡವು. ಅವನ್ನು ಮಣ್ಣು ಮಾಡಿ, ದಿಕ್ಸೂಚಿಯನ್ನು ನಂಬಿ, ಇರುಳಲ್ಲಿ ಬೆಂಕಿ ಹಾಕಿಕೊಂಡು ಎರಡು ದಿನ ನಡೆದರು. ಕಡೆಗೆ ಗಂಡಸರು ಇಗೋ ನಿಕೋಡೀಮಸ್ ಎಂದು ಸಂಭ್ರಮದಿಂದ ಕೂಗಿದರು. ಆಕೆ ಕಣ್ಣು ಕಿರಿದು ಮಾಡಿ ನೋಡಿದರೂ ಊರು ಕಾಣಲೊಲ್ಲದು. ಎಲ್ಲಿ ಎಂದು ಕೇಳಿದಾಗ ಗಂಡನು ನೆಲದಿಂದ ಏಳುತ್ತಿದ್ದ ಹೊಗೆಯ ಎಳೆಗಳನ್ನು ಬೆರಳು ಮಾಡಿ ತೋರಿಸಿದನು. ಜನರು ದಿಬ್ಬದ ಮಗ್ಗುಲಲ್ಲಿ ಬಿಲ ತೋಡಿ ಅದರೊಳಗೆ ಸಂಸಾರ ಹೂಡಿದ್ದರು! ಅದನ್ನು ಕಂಡು ತಾನು ಅತ್ತುಬಿಟ್ಟುದಾಗಿ ಎಷ್ಟೋ ಕಾಲದ ಅನಂತರ ಆ ಮುದುಕಿ ನೆನೆಸಿಕೊಂಡಿದ್ದಾಳೆ.

ಆಕೆಯ ಕಣ್ಣೀರಿಗೆ ಕಾರಣವಿಲ್ಲದಿರಲಿಲ್ಲ. ಆ ಬಯಲಿನಲ್ಲಿ ಮನೆ ಕಟ್ಟಲು ಮರವಿಲ್ಲ, ಒಲೆಗೆ ಸೌದೆಯಿಲ್ಲ. ಕಾಡೆಮ್ಮೆಗಳ ಒಣಸಗಣಿಯನ್ನು ಹೆಂಗಸರು ಆಯ್ದು ತಂದು ಉರಿಸಬೇಕಾಗಿದ್ದಿತು. ನೇಗಿಲು ಕುದುರೆಗಳು ತೀರ ವಿರಳವಾಗಿದ್ದುದರಿಂದ ಮೊದಲ ಬಿತ್ತನೆಗೆ ಗುದ್ದಲಿಯಿಂದಲೂ ಸನಿಕೆಯಿಂದಲೂ ಹುಲ್ಲಿನ ಬೇರು ಕಡಿದು ನೆಲ ಸಡಿಲಿಸಿದರು. ಗಂಡಸರು ರೈಲುದಾರಿಯ ಕೂಲಿಗೆಂದು ಬಹುದೂರ ಹೋದರೆ, ನೆಲಮನೆಯಲ್ಲಿ ಮಕ್ಕಳೊಡನೆ ಉಳಿದು ಚಳಿಗಾಲ ಕಳೆದವರು ಹೆಂಗಸರೇ. ಮೊದಲ ಚಳಿಗಾಲದಲ್ಲಿ ಬೇಟೆ ಮುಗಿಸಿ ಆ ದಾರಿಯಾಗಿ ಮರಳುತ್ತಿದ್ದ ಒಸೇಜ್ ಬುಡಕಟ್ಟಿನವರು ತಮ್ಮ ಮಾಂಸದಲ್ಲಿ ಪಾಲು ಕೊಟ್ಟು ಬದುಕಿಸಿದರೆಂದು ಊರವರು ತಲೆಮಾರುಗಳಿಂದ ಹೇಳುತ್ತ ಬಂದಿದ್ದಾರೆ. ಆ ಬುಡಕಟ್ಟೂ ಆಗತಾನೆ ಕಾನ್ಸಾಸಿನ ತನ್ನ ನೆಲವನ್ನು ಬಿಳಿಯರಿಗೆ ಬಿಟ್ಟುಕೊಟ್ಟು ದಕ್ಷಿಣಕ್ಕೆ ಸರಿದಿದ್ದಿತು.

ಇಂತಹ ಬಿಲವೊಂದರಲ್ಲಿಯೇ ಜೆನ್ನಿ ಫ್ಲೆಚರ್ ಮಕ್ಕಳಿಗೆ ಓದು ಕಲಿಸತೊಡಗಿದಳು. ಆಕೆಯ ಗಂಡ ಜ್ಯಾಕರಿ ಫ್ಲೆಚರ್ ಅಂಚೆಯನ್ನು ನೋಡಿಕೊಂಡನು. 1879ರಲ್ಲಿ ಅಲ್ಲಿ ಏರ್ಪಟ್ಟ ಶಾಲಾವಿಭಾಗಕ್ಕೆ ಗ್ರಹಾಂ ಕೌಂಟಿಯ ಲೆಕ್ಕದಲ್ಲಿ ಒಂದನೆಯ ಸಂಖ್ಯೆ. ಓದುಬರಹ ಕಲಿಯುವುದನ್ನೇ ಯಜಮಾನರು ತಡೆದಿದ್ದ ಕಾಲವನ್ನು ಕಂಡ ಜನ ಇಡೀ ಕೌಂಟಿಗಿಂತ ಮೊದಲು ಶಾಲೆ ತೆರೆದದ್ದು ಗಮನಾರ್ಹ.

ಊರು ಮೇಲೆದ್ದಿತು. 1880ರ ದಶಕದಲ್ಲಿ ಸುಣ್ಣಕಲ್ಲಿನ ಕಟ್ಟಡಗಳು, ಚರ್ಚುಗಳು, ಹೋಟೆಲು, ಅಂಗಡಿಗಳು, ಎರಡು ಪತ್ರಿಕೆಗಳು ಕಾಣಿಸಿಕೊಂಡವು. ನ್ಯೂಯಾರ್ಕ್ ಸಂಸ್ಥಾನದಲ್ಲಿ ಹುಟ್ಟಿ, 1878ರಲ್ಲಿ ಇಲ್ಲಿಗೆ ಬಂದ ಎಡ್ವಿನ್ ಮೆಕೇಬ್ ಎಂಬ ಕಪ್ಪು ತರುಣನು 1880ರಲ್ಲಿ ಕೌಂಟಿಯು ರೂಪುಗೊಂಡಾಗ ಅದರ ಮೊದಲ ಗುಮಾಸ್ತನಾಗಿ ನೇಮಕಗೊಂಡನು. ಗುಮಾಸ್ತನೆಂದರೆ ಅಲ್ಲಿ ಸಣ್ಣ ಕೆಲಸವಲ್ಲ. ಕೌಂಟಿಯ ದಾಖಲೆಗಳೆಲ್ಲ ಆತನ ಕೈಯಲ್ಲಿ. 1882ರಲ್ಲಿ ಇಡೀ ಕಾನ್ಸಾಸಿನ ಮತದಾರರು ಆತನನ್ನು ಸಂಸ್ಥಾನದ ಲೆಕ್ಕಪರಿಶೋಧಕನನ್ನಾಗಿ ಚುನಾಯಿಸಿದರು. 1884ರಲ್ಲಿ ಮತ್ತೊಮ್ಮೆ ಗೆಲ್ಲಿಸಿದರು. ಅವರಲ್ಲಿ ಬಹುಪಾಲು ಜನ ಬಿಳಿಯರೇ ಎಂಬುದನ್ನು ಮರೆಯುವಂತಿಲ್ಲ.

ಇನ್ನು ಬೇಕಾಗಿದ್ದುದು ರೈಲು. ಆ ಬಯಲಿನಲ್ಲಿ ರೈಲು ಬಂದ ಊರು ಪಟ್ಟಣ, ಬಾರದ ಊರು ಹಾಳು. 1887ರ ಮಾರ್ಚಿಯಲ್ಲಿ ಊರವರು ಮಿಸ್ಸೂರಿ ಪೆಸಿಫಿಕ್ ಕಂಪೆನಿಯನ್ನು ಒಲಿಸಿಕೊಳ್ಳಲು 16,000 ಡಾಲರುಗಳ ಸಾಲಪತ್ರಕ್ಕೆ ಮತ ಕೊಟ್ಟರು. ಹತ್ತು ವರ್ಷದ ಹಿಂದೆ ಒಣಸಗಣಿ ಆಯುತ್ತಿದ್ದವರಿಗೆ ಅದು ಎಷ್ಟು ದೊಡ್ಡ ಮೊತ್ತವೆಂಬುದನ್ನು ಊಹಿಸಬಹುದು. ಕಂಪೆನಿ ಬರಲಿಲ್ಲ. 1888ರಲ್ಲಿ ಯೂನಿಯನ್ ಪೆಸಿಫಿಕ್ ಕಂಪೆನಿಯ ಹಳಿಗಳು ಬಂದವು, ಆದರೆ ಸಾಲೊಮನ್ ನದಿಯ ಆಚೆಯ ದಡದಲ್ಲಿ. ಕೆಲವೇ ಮೈಲಿಗಳ ಅಂತರ! ಅಲ್ಲಿ ಬೋಗ್ ಎಂಬ ಹೊಸ ಊರು ಹುಟ್ಟಿತು. ನಿಕೋಡೀಮಸಿನ ವರ್ತಕರು ಅಂಗಡಿಗಳನ್ನು ಎತ್ತಿಕೊಂಡು ನದಿ ದಾಟಿದರು, ಪತ್ರಿಕೆಗಳು ನಿಂತವು. ಅದೇ ವರ್ಷ ಕೌಂಟಿಯ ಮುಖ್ಯಪಟ್ಟಣದ ಪಟ್ಟವನ್ನು ಚುನಾವಣೆಯಲ್ಲಿ ಗೆದ್ದುದು ಹಿಲ್ ಸಿಟಿ. ಬಣ್ಣದ ಮಾತಿನ ಆ ಭೂವ್ಯಾಪಾರಿ ಹಿಲ್‌ನ ಹೆಸರನ್ನೇ ಹೊತ್ತ ಊರು! ಮೆಕೇಬನು ಓಕ್ಲಹೋಮಾಕ್ಕೆ ಹೋಗಿ 1890ರಲ್ಲಿ ಲ್ಯಾಂಗ್‌ಸ್ಟನ್ ಎಂಬ ಮತ್ತೊಂದು ಕಪ್ಪು ಜನರ ಊರನ್ನು ಕಟ್ಟುವುದರಲ್ಲಿ ತೊಡಗಿದನು.

ವರ್ತಕರು ಹೋದರೂ ರೈತರು ಕದಲಲಿಲ್ಲ. ಅಂಗಡಿಯನ್ನು ಬಂಡಿಯ ಮೇಲೆ ಸಾಗಿಸಬಹುದು. 160 ಎಕರೆ ಹೊಲವನ್ನು ಸಾಗಿಸುವುದೆಂತು? 1930ರ ದಶಕದಲ್ಲಿ ಮಳೆ ಕೈಕೊಟ್ಟು, ಧೂಳಿನ ಬಿರುಗಾಳಿಗಳೆದ್ದು, ಬೆಲೆಗಳೂ ಕುಸಿದಾಗ ಮಾತ್ರ ಬಹುಮಂದಿ ನಗರಗಳ ದಾರಿ ಹಿಡಿದರು. 1953ರಲ್ಲಿ ಅಂಚೆಮನೆ ಮುಚ್ಚಿತು. ಅದರ ಮರುವರ್ಷವೇ ಈ ಊರಿನ ಮಗ ವೆರಿಲ್ ಸ್ವಿಟ್ಜರನನ್ನು ಗ್ರೀನ್ ಬೇ ಪ್ಯಾಕರ್ಸ್ ತಂಡವು ಅಮೆರಿಕನ್ ಫುಟ್‌ಬಾಲಿನ ವೃತ್ತಿಪರ ಆಟಗಾರನನ್ನಾಗಿ ಆರಿಸಿಕೊಂಡಾಗ, ಅಳಿಯುತ್ತಿದ್ದ ಊರಿನ ಹೆಸರು ದೇಶದ ಪತ್ರಿಕೆಗಳಲ್ಲಿ ಕಾಣಿಸಿತು.

1996ರಲ್ಲಿ ಅಮೆರಿಕಾ ಸರ್ಕಾರವು ನಿಕೋಡೀಮಸನ್ನು ರಾಷ್ಟ್ರೀಯ ಐತಿಹಾಸಿಕ ಸ್ಥಳವೆಂದು ಸಾರಿತು. ಎರಡು ಚರ್ಚುಗಳು, ಹೋಟೆಲು, ಶಾಲೆ, 1939ರ ಸಭಾಭವನ ಹೀಗೆ ಐದು ಕಟ್ಟಡಗಳನ್ನು ಹಳೆಯ ಊರಿನ ಕುರುಹೆಂದು ಗುರುತಿಸಲಾಗಿದೆ. ಕಾಯಂ ನಿವಾಸಿಗಳು ಇಪ್ಪತ್ತರ ಆಸುಪಾಸು ಮಾತ್ರ.

ಆದರೆ ಪ್ರತಿವರ್ಷ ಜುಲೈ ತಿಂಗಳ ಕಡೆಯ ವಾರದಲ್ಲಿ ಈ ಲೆಕ್ಕ ತಲೆಕೆಳಗಾಗುತ್ತದೆ. ಬ್ರಿಟಿಷರು ತಮ್ಮ ವೆಸ್ಟ್ ಇಂಡೀಸ್ ದ್ವೀಪಗಳಲ್ಲಿ 1834ರ ಆಗಸ್ಟ್ 1ರಂದು ಗುಲಾಮಗಿರಿಯನ್ನು ಕೊನೆಗಾಣಿಸಿದ ನೆನಪಿಗಾಗಿ ಮೊದಲ ನೆಲಸಿಗರು ಆರಂಭಿಸಿದ ಹಬ್ಬವದು. ಕಾಲಕ್ರಮದಲ್ಲಿ ಅದು ಮನೆಗೆ ಮರಳುವ ಹಬ್ಬವಾಗಿದೆ. ದೂರದೂರದ ನಗರಗಳಿಂದ ಮಕ್ಕಳು, ಮೊಮ್ಮಕ್ಕಳು, ಮರಿಮಕ್ಕಳು ನೂರುಗಟ್ಟಲೆ ಬಂದಿಳಿಯುತ್ತಾರೆ. ಮೆರವಣಿಗೆ, ಸಹಭೋಜನ, ಭಾನುವಾರದ ಪ್ರಾರ್ಥನೆ ನಡೆಯುತ್ತವೆ. ಹಿರಿಯರು ಕಿರಿಯರನ್ನು ಕರೆದೊಯ್ದು ನೆಲಮನೆಗಳಿದ್ದ ತಗ್ಗುಗಳನ್ನೂ ಅಜ್ಜಂದಿರ ಗೋರಿಗಳನ್ನೂ ತೋರಿಸುತ್ತಾರೆ. ಸುತ್ತಲಿನ ಹೊಲಗಳಲ್ಲಿ ಕೆಲವು ಇಂದಿಗೂ ಮೊದಲ ನೆಲಸಿಗರ ವಂಶದವರ ಹೆಸರಿನಲ್ಲಿಯೇ ಇವೆ.