ಶಿರಾಡಿ ಘಾಟಿ: ನಮ್ಮ ಮೂಟೆಗಳು ಇಳಿಯುವ ದಾರಿ



ದೊಡ್ಡಗದ್ದವಳ್ಳಿ ಕಡೆಯಿಂದ ಮಂಗಳೂರಿಗೆ ಹೊರಟ ಅಡಿಕೆ ಮೂಟೆ ಹಾಸನಕ್ಕೆ ಬಂದು, ಸಕಲೇಶಪುರದಲ್ಲಿ ಹೇಮಾವತಿ ದಾಟಿ, ದೋಣಿಗಾಲ್ ಬಳಿ ಘಟ್ಟಕ್ಕೆ ಬೀಳುತ್ತದೆ. ಮುಂದಿನದು ಶಿರಾಡಿ ಘಾಟಿ. ಬೆಲೆ ಎಷ್ಟೇ ಚೆನ್ನಾಗಿರಲಿ, ಘಾಟಿ ಮುಚ್ಚಿದ ದಿನ ಆ ಬೆಲೆ ನಮ್ಮದಲ್ಲ. ಆದಕಾರಣ ಈ ದಾರಿಯ ವಿಚಾರವನ್ನು ತಮ್ಮ ಮುಂದಿಡುತ್ತಿದ್ದೇವೆ.

ಸಕಲೇಶಪುರ ಸಮುದ್ರಮಟ್ಟದಿಂದ ಸುಮಾರು 3,000 ಅಡಿ ಎತ್ತರದಲ್ಲಿದೆ. ಗುಂಡ್ಯ ಕೆಲವು ನೂರು ಅಡಿ ಮಾತ್ರ. ಈ ಇಳಿತವೆಲ್ಲ ಬಹುಪಾಲು ಇಪ್ಪತ್ತೈದು ಕಿಲೋಮೀಟರಿನ ಆಸುಪಾಸಿನಲ್ಲೇ ಮುಗಿಯುತ್ತದೆ. ಘಟ್ಟದ ನೆತ್ತಿಯ ಮೇಲೆ ಬಿದ್ದ ಮಳೆ ಇಬ್ಭಾಗವಾಗುತ್ತದೆ. ಮೂಡಲಿಗೆ ಹರಿದದ್ದು ಹೇಮಾವತಿ ಸೇರಿ, ಕಾವೇರಿಯ ಮೂಲಕ ಬಂಗಾಳ ಕೊಲ್ಲಿಗೆ. ಪಡುವಲಿಗೆ ಹರಿದದ್ದು ಕೆಂಪುಹೊಳೆ, ಗುಂಡ್ಯ ಹೊಳೆ, ಕುಮಾರಧಾರೆಗಳಾಗಿ ಉಪ್ಪಿನಂಗಡಿಯಲ್ಲಿ ನೇತ್ರಾವತಿಗೆ. ರಸ್ತೆ ಈ ಪಡುವಣ ನೀರಿನ ಪಕ್ಕಕ್ಕೇ ಅಂಟಿಕೊಂಡು ಇಳಿಯುತ್ತದೆ. ಘಾಟಿಯ ಎಲ್ಲ ತಂಟೆಗೂ ಮೂಲ ಇದೇ ನೆರೆಹೊರೆ ಎಂದು ನಮ್ಮ ಎಣಿಕೆ.

ಕರಾವಳಿಯ ದಾರಿಯ ಮೇಲೆ ಕಣ್ಣಿಡಲೆಂದೇ ಟಿಪ್ಪು ಸುಲ್ತಾನನು 1792ರಲ್ಲಿ ಎಂಟು ಮೂಲೆಯ ಮಂಜರಾಬಾದ್ ಕೋಟೆಯನ್ನು ಕಟ್ಟಿಸಿದನು. ಬಳಿಕ ಇಲ್ಲಿ ಎದುರು ನಿಂತ ಬಲಂ ಸೀಮೆಯ ವೆಂಕಟಾದ್ರಿ ನಾಯಕನನ್ನು ಆರ್ಥರ್ ವೆಲ್ಲೆಸ್ಲಿಯ ಸೈನ್ಯ 1802ರಲ್ಲಿ ಸೆರೆಹಿಡಿದು ಗಲ್ಲಿಗೇರಿಸಿತು. ಕಾಡಿನೊಳಗೆ ದಾರಿ ಕಡಿಸಿದ್ದೂ ಆ ಕಾಳಗದ ಭಾಗವೇ. ದಂಡಿಗಾಗಿ ಬೇಕಾದ ದಾರಿ ಮುಂದೆ ಕಾಫಿಗೆ ಬೇಕಾಯಿತು. 1843ರಲ್ಲಿ ಗ್ರೀನ್ ಎಂಬ ದೊರೆ ಮಂಜರಾಬಾದ್ ಸೀಮೆಯಲ್ಲಿ ತೋಟ ತೆರೆದನು. ಆಮೇಲೆ ಎಲಿಯಟ್ ಮೊದಲಾದವರು ಬಂದರು. ಎತ್ತಿನ ಗಾಡಿಗಳು ಕಾಫಿ ಹೊತ್ತು ಇಳಿದವು, ಉಪ್ಪು, ಒಣಮೀನು ಹೊತ್ತು ಹತ್ತಿದವು.

1974ರಲ್ಲಿ ಹೊಸಮಂಗಳೂರು ಬಂದರು ತೆರೆಯಿತು. ಅದಕ್ಕೂ ಹಿಂದಿನ ವರ್ಷವೇ ಮಂಗಳೂರಿನಲ್ಲಿ ಕ್ಯಾಂಪ್ಕೊ ಹುಟ್ಟಿತ್ತು. 1979ರಲ್ಲಿ ಐವತ್ತೇಳು ಸುರಂಗಗಳ ಮೀಟರ್‌ಗೇಜ್ ರೈಲು ಘಟ್ಟ ಇಳಿಯಿತು. ಆದರೆ ಗೇಜ್ ಬದಲಾವಣೆಗೆಂದು 1996ರಲ್ಲಿ ನಿಂತ ರೈಲು ಸರಕಿಗೆ 2006ರಲ್ಲಿ, ಪ್ರಯಾಣಿಕರಿಗೆ 2007ರಲ್ಲಿ ಮತ್ತೆ ಸಿಕ್ಕಿತು. ಆ ಹತ್ತು ವರ್ಷವೂ ಸರಕೆಲ್ಲ ಒಂದೇ ರಸ್ತೆಯ ಮೇಲೆ. ಹೊಂಡ ಎಣಿಸುತ್ತ ಹೋದ ಲಾರಿ ಚಾಲಕರನ್ನು ಕೇಳಿ ನೋಡಿ!

2015ರಲ್ಲೂ 2018ರಲ್ಲೂ ತಿಂಗಳುಗಟ್ಟಲೆ ಸಂಚಾರ ನಿಲ್ಲಿಸಿ ಕಾಂಕ್ರೀಟು ಹಾಕಿದರು. ಹೊಂಡದ ಕಾಟ ತಪ್ಪಿತು, ನಿಜ. ಆದರೆ ಅದೇ 2018ರ ಆಗಸ್ಟ್ ಮಳೆಗೆ ಗುಡ್ಡ ಜಾರಿ ರಸ್ತೆ, ರೈಲು ಎರಡೂ ಬಂದ್ ಆದವು. ಮುಂದೆ 2021, 2022ರಲ್ಲಿ ದೋಣಿಗಾಲ್ ಬಳಿ ರಸ್ತೆ ಕುಸಿಯಿತು. 2024ರ ಜುಲೈನಲ್ಲಿ ದೊಡ್ಡತಪ್ಪಲೆಯಲ್ಲಿ ಮಣ್ಣು ರಸ್ತೆಗೆ ಬಿತ್ತು. ಅದೇ ತಿಂಗಳು ಯಡಕುಮಾರಿ-ಕಡಗರವಳ್ಳಿ ನಡುವೆ ಹಳಿಯ ಕೆಳಗಿನ ನೆಲವೇ ಜಾರಿತು.

ತೋಟ ಮಾಡಿದವರಿಗೆ ಇದರ ಕಾರಣ ಹೇಳಿಕೊಡಬೇಕಿಲ್ಲ. ಇಳಿಜಾರಿನ ಬುಡವನ್ನು ಗೋಡೆಯಂತೆ ನೆಟ್ಟಗೆ ಕಡಿದರೆ ಮೇಲಿನ ಮಣ್ಣಿಗೆ ಆನಿಕೆ ತಪ್ಪುತ್ತದೆ. ಮಳೆನೀರು ಇಂಗಿ ಮಣ್ಣಿನ ಭಾರ ಹೆಚ್ಚಿ, ಹಿಡಿತ ಸಡಿಲುತ್ತದೆ. ನಾವು ತೋಟದಲ್ಲಿ ಮೊದಲು ಬಸಿಗಾಲುವೆ ತೋಡಿ, ಅನಂತರ ಗಿಡ ನೆಡುತ್ತೇವೆ. ಇಲ್ಲಿ ರಸ್ತೆ ಮೊದಲು, ನೀರಿನ ದಾರಿ ಆಮೇಲೆ ಎಂಬಂತಾಗಿದೆ. ಅಗಲವಾದ ರಸ್ತೆ ಬೇಡವೆಂದು ನಾವು ಹೇಳುವುದಿಲ್ಲ. ಮೆಟ್ಟಿಲು ಮೆಟ್ಟಿಲಾಗಿ ಕಡಿದು, ನೀರಿಗೆ ಮೋರಿ ಕೊಟ್ಟು ಅಗಲ ಮಾಡಲಿ ಎಂಬುದಷ್ಟೇ ನಮ್ಮ ಬೇಡಿಕೆ.

ಒಂದು ಮಳೆಗಾಲ ನಮ್ಮ ಲಾರಿಯೂ ಘಾಟಿಯ ಮೇಲೆಯೇ ಸಿಕ್ಕಿಬಿದ್ದಿತು. ಟಾರ್ಪಾಲಿನ ಒಂದು ಮೂಲೆ ಬಿಚ್ಚಿಕೊಂಡು, ಬಿಸಿಲಲ್ಲಿ ವಾರಗಟ್ಟಲೆ ಒಣಗಿಸಿದ ಅಡಿಕೆ ನಾಲ್ಕು ಮೂಟೆ ಬೂಷ್ಟು ಹಿಡಿಯಿತು. ಚೆನ್ನಾಗಿ ಒಣಗಿದ ಕಾಫಿಯೂ ಆ ಮಂಜಿನಲ್ಲಿ ತೇವ ಎಳೆದುಕೊಳ್ಳದೆ ಬಿಡುವುದಿಲ್ಲ. ಸುತ್ತಿ ಸಂಪಾಜೆಯ ಕಡೆಯಿಂದ ಕಳಿಸಿದರೆ ಬಾಡಿಗೆಯೇ ಲಾಭ ತಿನ್ನುತ್ತದೆ.

ಸಣ್ಣ ಬೆಳೆಗಾರರು ಒಂಟಿಯಾಗಿ ಲಾರಿ ಗೊತ್ತು ಮಾಡದೆ, ನಾಲ್ಕೈದು ಮನೆಯವರು ಸೇರಿ ಮೇ ತಿಂಗಳೊಳಗೇ ಮಾಲು ಇಳಿಸಿಬಿಡುವುದು ಮೇಲು. ಉಳಿಸಿಕೊಳ್ಳುವವರು ನೆಲಕ್ಕೆ ಹಲಗೆ ಹಾಕಿ, ಗೋಡೆಯಿಂದ ಒಂದು ಮೊಳ ಬಿಟ್ಟು ಮೂಟೆ ಪೇರಿಸಿರಿ. ಜುಲೈನಲ್ಲಿ ಲಾರಿ ಹೊರಡಿಸಲೇಬೇಕಾದರೆ, ಘಾಟಿ ತೆರೆದಿದೆಯೇ ಎಂದು ಮೊದಲು ಸಕಲೇಶಪುರದವರನ್ನು ಕೇಳಿಕೊಂಡು ಹೊರಡಿಸಿರಿ.