ಡ್ಯೂಟಿ ಮುಗಿಸಿ ಫೈನಲ್‌ಗೆ ಹೋದವರು

ಹಗಲೆಲ್ಲ ಎಲ್ಲೋ ಕೆಲಸ, ಸಂಜೆ ಮೈದಾನದಲ್ಲಿ ಅಭ್ಯಾಸ, ಮರುದಿನ ಬೆಳಿಗ್ಗೆ ಮತ್ತೆ ಅದೇ ಕೆಲಸ. ಹೀಗೆ ಬದುಕುವ ಹನ್ನೊಂದು ಜನ ಸೇರಿ ದೇಶದ ಹಾಲಿ ಚಾಂಪಿಯನ್ ತಂಡವನ್ನು ಮಣ್ಣು ಮುಕ್ಕಿಸಬಹುದೇ? 2000ದ ಏಪ್ರಿಲ್‌ನಲ್ಲಿ ಫ್ರಾನ್ಸ್‌ನಲ್ಲಿ ಇದು ನಡೆದೇ ಹೋಯಿತು. ಆ ತಂಡದ ಹೆಸರು ಕ್ಯಾಲೆ.

ಕ್ಯಾಲೆ ಫ್ರಾನ್ಸ್‌ನ ಉತ್ತರ ತುದಿಯ ಬಂದರು. ಎದುರಿಗೆ ಕಡಲು, ಆಚೆ ದಡದಲ್ಲಿ ಇಂಗ್ಲೆಂಡ್. ಒಂದು ಕಾಲಕ್ಕೆ ಲೇಸ್ ನೇಯ್ಗೆಗೆ ಹೆಸರಾಗಿದ್ದ ಊರು. ಮಗ್ಗಗಳು ಒಂದೊಂದಾಗಿ ನಿಂತ ಮೇಲೆ ನಿರುದ್ಯೋಗಕ್ಕೂ ಹೆಸರಾಯಿತು. ಅಲ್ಲಿನ ಫುಟ್‌ಬಾಲ್ ಕ್ಲಬ್ ಆಡುತ್ತಿದ್ದದ್ದು ನಾಲ್ಕನೇ ಡಿವಿಷನ್‌ನಲ್ಲಿ. ಬಂದರು ಕಾರ್ಮಿಕ, ಶಿಕ್ಷಕ, ಗುಮಾಸ್ತ ಎಲ್ಲರೂ ಇದ್ದ ಹವ್ಯಾಸಿ ತಂಡ ಅದು.

ಇಂಥ ತಂಡಕ್ಕೆ ಬೋರ್ಡೊದಂಥ ದೊಡ್ಡ ಕ್ಲಬ್ ಎದುರಾಗಿದ್ದಾದರೂ ಹೇಗೆ? ಅದಕ್ಕೆ ಕಾರಣ ಫ್ರೆಂಚ್ ಕಪ್‌ನ ನಿಯಮ. 1917ರಲ್ಲಿ, ಮೊದಲ ಮಹಾಯುದ್ಧದ ನಡುವೆ ಶುರುವಾದ ಈ ಟೂರ್ನಿಗೆ ಹಳ್ಳಿಯ ಕ್ಲಬ್ ಕೂಡ ಹೆಸರು ಕೊಡಬಹುದು. ಕೆಳಗಿನ ತಂಡಗಳು ತಿಂಗಳುಗಟ್ಟಲೆ ತಮ್ಮತಮ್ಮಲ್ಲೇ ಸೆಣಸುತ್ತವೆ. ದೊಡ್ಡ ಕ್ಲಬ್‌ಗಳು ಕೊನೆಯ 64ರ ಸುತ್ತಿನಲ್ಲಿ ಬಂದು ಸೇರಿಕೊಳ್ಳುತ್ತವೆ. ಮುಂದೆ ಯಾರಿಗೆ ಯಾರು ಎಂಬುದು ಚೀಟಿ ಎತ್ತಿದಾಗಲೇ ಗೊತ್ತು. ಒಂದು ಪಂದ್ಯ, ಸೋತರೆ ಮನೆಗೆ. ನಮ್ಮ ನೇಮಕಾತಿ ಪರೀಕ್ಷೆಗಳ ಪ್ರಿಲಿಮ್ಸ್ ಥರವೇ, ಆದರೆ ಇಲ್ಲಿ ಕಟ್ ಆಫ್ ಎಷ್ಟೆಂದು ಕಾಯುವ ಸಂಕಟ ಇಲ್ಲ. ಫಲಿತಾಂಶ ಅಂದೇ ಕೈಗೆ!

ಲೀಗ್‌ನಲ್ಲಾದರೆ ಕ್ಯಾಲೆಗೆ ಏನೂ ನಡೆಯುತ್ತಿರಲಿಲ್ಲ. ಮೂವತ್ತನಾಲ್ಕು ಪಂದ್ಯ ಆಡಿಸಿದರೆ ಹಣ, ಬೆಂಚಿನ ಬಲ, ಫಿಸಿಯೋ ಎಲ್ಲ ಸೇರಿ ದೊಡ್ಡ ತಂಡವೇ ಗೆಲ್ಲುತ್ತದೆ. ಆದರೆ ಒಂದು ಸಂಜೆ, ಒಂದೇ ಒಂದು ಪಂದ್ಯ ಎಂದಾಗ ಆ ಲೆಕ್ಕ ಸಡಿಲವಾಗುತ್ತದೆ.

ಆ ಋತುವಿನಲ್ಲಿ ಎರಡನೇ ಡಿವಿಷನ್‌ನ ಅಗ್ರ ತಂಡವಾಗಿದ್ದ ಲೀಲ್ ಎದುರು ಕ್ಯಾಲೆ 1-1ರ ಸಮಬಲ ಸಾಧಿಸಿ ಪೆನಾಲ್ಟಿಯಲ್ಲಿ ಗೆದ್ದಿತು. ಸಿನಿಮೋತ್ಸವದ ಊರು ಕಾನ್‌ನ ತಂಡವನ್ನೂ ಪೆನಾಲ್ಟಿಯಲ್ಲೇ ಮನೆಗೆ ಕಳಿಸಿತು. ಅಲ್ಲಿಯವರೆಗೆ 'ಅದೃಷ್ಟ' ಎಂದವರಿಗೆ ಕ್ವಾರ್ಟರ್ ಫೈನಲ್ ಉತ್ತರ ಕೊಟ್ಟಿತು. ಮೊದಲ ಡಿವಿಷನ್‌ನ ಸ್ಟ್ರಾಸ್‌ಬರ್ಗ್ ಆರಂಭದಲ್ಲೇ ಗೋಲು ಹೊಡೆದಿತ್ತು. ಹಿಂದೆ ಬಿದ್ದ ಕ್ಯಾಲೆ ಎರಡು ಗೋಲು ತಿರುಗಿಸಿ ಗೆದ್ದಿತು. ಪೆನಾಲ್ಟಿಯ ಹಂಗೂ ಬೇಕಾಗಲಿಲ್ಲ.

ಸೆಮಿಫೈನಲ್‌ನಲ್ಲಿ ಬೋರ್ಡೊ. 1999ರ ಫ್ರೆಂಚ್ ಚಾಂಪಿಯನ್, ಆ ವರ್ಷ ಚಾಂಪಿಯನ್ಸ್ ಲೀಗ್‌ನಲ್ಲಿ ಆಡಿದ್ದ ತಂಡ. ಕ್ಯಾಲೆಯ ಸ್ವಂತ ಮೈದಾನ ಚಿಕ್ಕದು, ಹಾಗಾಗಿ ಪಂದ್ಯ ಪಕ್ಕದ ಲಾನ್ಸ್ ನಗರದಲ್ಲಿ. ತೊಂಬತ್ತು ನಿಮಿಷ ಗೋಲೇ ಇಲ್ಲ. ಹೆಚ್ಚುವರಿ ಅವಧಿ ಬಂತೆಂದರೆ ಹವ್ಯಾಸಿಗಳ ಕಾಲು ಸೋಲುತ್ತದೆ, ವೃತ್ತಿಪರರು ಆಗ ಕೈ ಮೇಲೆ ಮಾಡುತ್ತಾರೆ ಎಂಬುದು ಸಾಮಾನ್ಯ ಲೆಕ್ಕ. ಆದರೆ 99ನೇ ನಿಮಿಷದಲ್ಲಿ ಗೋಲು ಹೊಡೆದದ್ದು ಕ್ಯಾಲೆ. ಬೋರ್ಡೊ ಪರ ಲಿಲಿಯಾನ್ ಲಾಸ್ಲಾಂದ್ ಸಮ ಮಾಡಿದಾಗ, 'ಇಷ್ಟೇ ಕಥೆ' ಎಂದುಕೊಂಡವರೇ ಹೆಚ್ಚಿರಬೇಕು. ಉಳಿದ ಹನ್ನೆರಡು ನಿಮಿಷದಲ್ಲಿ ಕ್ಯಾಲೆ ಇನ್ನೂ ಎರಡು ಗೋಲು ಹೊಡೆಯಿತು. 3-1! ನಾಲ್ಕನೇ ಡಿವಿಷನ್ ತಂಡವೊಂದು ಫ್ರೆಂಚ್ ಕಪ್ ಫೈನಲ್‌ಗೆ ಬಂದದ್ದು ಅದೇ ಮೊದಲು.

ಇದನ್ನು ಎಲ್ಲರೂ 'ಕಾಲ್ಪನಿಕ ಕಥೆಯಂತೆ' ಎಂದು ಬಣ್ಣಿಸುತ್ತಾರೆ. ನನಗೆ ಆ ಮಾತು ಅಷ್ಟು ಹಿಡಿಸುವುದಿಲ್ಲ. ಕಾಲ್ಪನಿಕ ಕಥೆಯಲ್ಲಿ ಮಂತ್ರದಂಡ ಇರುತ್ತದೆ. ಇಲ್ಲಿದ್ದದ್ದು ಪೆನಾಲ್ಟಿ ಹೊತ್ತಿಗೆ ನಡುಗದ ಕಾಲು, ನೂರಾಹತ್ತು ನಿಮಿಷವಾದರೂ ಬತ್ತದ ಉಸಿರು.

ಮೇ 7, 2000. ಎರಡು ವರ್ಷದ ಹಿಂದೆ ಫ್ರಾನ್ಸ್ ವಿಶ್ವಕಪ್ ಗೆದ್ದ ಸ್ತಾದ್ ದ ಫ್ರಾನ್ಸ್ ಕ್ರೀಡಾಂಗಣ. ಕ್ಯಾಲೆಯ ಜನಸಂಖ್ಯೆ ಸುಮಾರು 75 ಸಾವಿರ. ಅವತ್ತು ಕ್ರೀಡಾಂಗಣದಲ್ಲಿ ಸೇರಿದ್ದವರೂ ಹೆಚ್ಚುಕಡಿಮೆ ಅಷ್ಟೇ. ಎದುರಾಳಿ ಕಪ್‌ನ ಹಾಲಿ ವಿಜೇತ ನಾಂತ್. ಮೊದಲಾರ್ಧದಲ್ಲೇ ಜೆರೋಮ್ ದುತಿತ್ರ್ ಗೋಲು ಹೊಡೆದು ಕ್ಯಾಲೆಗೆ ಮುನ್ನಡೆ ಕೊಟ್ಟರು. ವಿರಾಮದ ನಂತರ ಆಂತ್ವಾನ್ ಸಿಬಿಯೆರ್ಸ್ಕಿ ಸಮ ಮಾಡಿದರು. 1-1. ಪಂದ್ಯ ಮುಗಿಯಲು ಇನ್ನೇನು ಕ್ಷಣಗಳಿವೆ ಎನ್ನುವಾಗ ರೆಫರಿ ನಾಂತ್‌ಗೆ ಪೆನಾಲ್ಟಿ ಕೊಟ್ಟರು. ಅದು ಪೆನಾಲ್ಟಿ ಹೌದೋ ಅಲ್ಲವೋ ಎಂಬ ವಾದ ಆಮೇಲೂ ನಿಲ್ಲಲಿಲ್ಲ. ಸಿಬಿಯೆರ್ಸ್ಕಿ ಎಡವಲಿಲ್ಲ. 2-1.

ಪ್ರಶಸ್ತಿ ಸ್ವೀಕರಿಸುವ ಹೊತ್ತಿಗೆ ನಾಂತ್ ನಾಯಕ, ಗೋಲ್‌ಕೀಪರ್ ಮಿಕಾಯೆಲ್ ಲಾಂದ್ರೊ ಕ್ಯಾಲೆ ನಾಯಕ ರೆಜಿನಾಲ್ ಬೆಕ್ ಅವರನ್ನು ಪಕ್ಕಕ್ಕೆ ಕರೆದರು. ಇಬ್ಬರೂ ಸೇರಿ ಕಪ್ ಎತ್ತಿದರು. ಲಾಂದ್ರೊಗೆ ಆಗಿನ್ನೂ ಇಪ್ಪತ್ತೊಂದು ತುಂಬಿರಲಿಲ್ಲ; ಅಂದರೆ ನಮ್ಮ ಫೈನಲ್ ಇಯರ್ ಡಿಗ್ರಿ ಹುಡುಗರ ವಯಸ್ಸು. ಅವರ ತಲೆಯ ಮೇಲೂ ಕತ್ತಿ ತೂಗುತ್ತಿತ್ತು. ಲೀಗ್‌ನಲ್ಲಿ ನಾಂತ್ ಕೆಳಗಿನ ಡಿವಿಷನ್‌ಗೆ ಜಾರುವ ಅಂಚಿನಲ್ಲಿತ್ತು. ಕೊನೆಯ ದಿನದ ಗೆಲುವಿನಿಂದಷ್ಟೇ ಪಾರಾಯಿತು. ಮರುವರ್ಷ ಅದೇ ನಾಂತ್ ಫ್ರಾನ್ಸ್‌ನ ಚಾಂಪಿಯನ್.

ಕ್ಯಾಲೆಯ ಮುಂದಿನ ಕಥೆ ಅಷ್ಟು ಸುಲಭದ್ದಲ್ಲ. ಇಂಥ ಲೇಖನಗಳು ಸಾಮಾನ್ಯವಾಗಿ ಕಪ್ ಎತ್ತಿದ ಫೋಟೋದೊಂದಿಗೆ ಮುಗಿಯುತ್ತವೆ, ಅದಕ್ಕೇ ಇದನ್ನೂ ಹೇಳಬೇಕೆನಿಸಿತು. ಒಂದು ಫೈನಲ್ ಆಡಿದ ಮಾತ್ರಕ್ಕೆ ನಾಲ್ಕನೇ ಡಿವಿಷನ್ ಮೊದಲನೆಯದಾಗುವುದಿಲ್ಲ. 2006ರಲ್ಲಿ ತಂಡ ಮತ್ತೆ ಕ್ವಾರ್ಟರ್ ಫೈನಲ್ ತಲುಪಿತು. ಅಲ್ಲಿ ಮತ್ತದೇ ನಾಂತ್, ಮತ್ತೆ ಒಂದು ಗೋಲಿನ ಸೋಲು. 2008ರಲ್ಲಿ ಊರಿಗೆ ಹೊಸ ಕ್ರೀಡಾಂಗಣ ಬಂತು. ಸುಮಾರು 12 ಸಾವಿರ ಆಸನ. ಹೆಸರು 'ಸ್ತಾದ್ ದ ಲೆಪೊಪೆ', ಅಂದರೆ ಮಹಾಕಾವ್ಯದ ಕ್ರೀಡಾಂಗಣ. ಆ ಕಪ್ ಓಟದ ನೆನಪಿಗೇ ಇಟ್ಟ ಹೆಸರು. ಕ್ರೀಡಾಂಗಣವೇನೋ ದೊಡ್ಡದಾಯಿತು, ಕ್ಲಬ್‌ನ ಗಲ್ಲಾಪೆಟ್ಟಿಗೆ ದೊಡ್ಡದಾಗಲಿಲ್ಲ. ಹಣಕಾಸಿನ ಬಿಕ್ಕಟ್ಟಿನಲ್ಲಿ ನಲುಗಿ 2017ರಲ್ಲಿ ಕ್ಲಬ್ ದಿವಾಳಿಯಾಗಿ ಮುಚ್ಚಿತು.

ಓದುವಾಗ ನನಗೆ ಬೇಸರವಾಗಿದ್ದು ನಿಜ. ಆದರೆ ಆಟಗಾರರ ಕಡೆಯಿಂದ ನೋಡಿದರೆ ಬೇರೆಯೇ ಕಾಣುತ್ತದೆ. ಆ ಹುಡುಗರು ಫುಟ್‌ಬಾಲ್ ನೆಚ್ಚಿಕೊಂಡು ನೌಕರಿ ಬಿಟ್ಟು ಕೂತವರಲ್ಲ. ಕೆಲಸವನ್ನೂ ಹಿಡಿದುಕೊಂಡೇ, ಸಂಜೆಯ ಎರಡು ತಾಸನ್ನು ಯಾರಿಗೂ ಬಿಟ್ಟುಕೊಡದೆ ಆಡಿದರು. 'ಮೊದಲು ನೌಕರಿ ಹಿಡಿ, ಆಟಗೀಟ ಆಮೇಲೆ' ಎಂದು ಮನೆಯಲ್ಲಿ ಹೇಳುತ್ತಾರಲ್ಲ, ಅಲ್ಲಿ ಎರಡೂ ಒಟ್ಟಿಗೇ ನಡೆದಿತ್ತು.

ಕಪ್‌ನ ಬಾಗಿಲು ಈಗಲೂ ಮುಚ್ಚಿಲ್ಲ. 2012ರಲ್ಲಿ ಕೆವಿಲಿ, 2018ರಲ್ಲಿ ಲೇ ಜೆರ್ಬಿಯೆ ಎಂಬ ಮೂರನೇ ಡಿವಿಷನ್ ತಂಡಗಳು ಫೈನಲ್ ತಲುಪಿದವು. ಲೇ ಜೆರ್ಬಿಯೆ ಎದುರಿಸಿದ್ದು ಕೋಟಿಗಟ್ಟಲೆ ಸುರಿಯುವ ಪ್ಯಾರಿಸ್ ಸೇಂಟ್ ಜರ್ಮೇನ್ ತಂಡವನ್ನು. 0-2ರಿಂದ ಸೋತ ಅವರ ನಾಯಕನನ್ನು ಪ್ಯಾರಿಸ್ ನಾಯಕ ಥಿಯಾಗೊ ಸಿಲ್ವ ಕರೆದು ಜತೆಗೆ ಕಪ್ ಎತ್ತಿದರು, ಥೇಟ್ ಲಾಂದ್ರೊ ಮಾಡಿದ ಹಾಗೆ. ಅದೇ ವಾರ ಲೀಗ್‌ನ ಕೊನೆಯ ಪಂದ್ಯ ಮುಗಿದಾಗ ಲೇ ಜೆರ್ಬಿಯೆ ನಾಲ್ಕನೇ ಡಿವಿಷನ್‌ಗೆ ಇಳಿದಿತ್ತು.