ದೂರದ ಕೋರ್ಟಿನಿಂದ ಸಮನ್ಸ್ ಬಂದರೆ...

ಮಂಗಳೂರಿನಿಂದ ಮುಂಬೈಗೆ ಮದುವೆಯಾಗಿ ಹೋದ ಹೆಣ್ಣೊಬ್ಬಳು ಸಂಸಾರ ಮುರಿದು, ಕೈಗೂಸಿನೊಂದಿಗೆ ತವರಿಗೆ ಮರಳಿದ್ದಾಳೆಂದು ಭಾವಿಸಿ. ಕೆಲವು ತಿಂಗಳ ನಂತರ ಸಮನ್ಸ್ ಬರುತ್ತದೆ. ಗಂಡ ಬಾಂದ್ರಾದ ಕೌಟುಂಬಿಕ ನ್ಯಾಯಾಲಯದಲ್ಲಿ ದಾವೆ ಹೂಡಿದ್ದಾನೆ. ಪ್ರತಿ ತಾರೀಕಿಗೂ ಅಷ್ಟು ದೂರ ಹೋಗುವುದು ಹೇಗೆ? ಜೊತೆಗೆ ಬರುವವರು ಯಾರು? ಖರ್ಚಿಗೆ ಹಣವೆಲ್ಲಿ? ಕೊನೆಗೆ ಮನೆಯವರು, "ಬಿಡು, ಹೋಗುವುದೇ ಬೇಡ" ಎಂದುಬಿಡುತ್ತಾರೆ.

ಸಹೋದರಿಯರೇ, ಸುಮ್ಮನೆ ಕುಳಿತರೆ ನಷ್ಟ ನಿಮಗೇ. ಸಮನ್ಸ್ ತಲುಪಿದ ಮೇಲೂ ನೀವಾಗಲಿ ನಿಮ್ಮ ಪರವಾಗಿ ಯಾರಾಗಲಿ ಹಾಜರಾಗದಿದ್ದರೆ ನ್ಯಾಯಾಲಯವು ಏಕಪಕ್ಷೀಯವಾಗಿ ತೀರ್ಪು ನೀಡಬಹುದು. ನಿಮ್ಮ ಮಾತನ್ನು ಕೇಳದೆಯೇ ನಿಮ್ಮ ಬದುಕು ತೀರ್ಮಾನವಾಗಿಬಿಡುತ್ತದೆ. ಅದರ ಬದಲು, ಮೊಕದ್ದಮೆಯನ್ನು ನಿಮ್ಮ ಊರಿನ ನ್ಯಾಯಾಲಯಕ್ಕೆ ವರ್ಗಾಯಿಸಿ ಎಂದು ಕೇಳುವ ದಾರಿ ಕಾನೂನಿನಲ್ಲಿದೆ.

ಕೇಳುವುದು ಎಲ್ಲಿ? ಎರಡೂ ಊರುಗಳು ಒಂದೇ ರಾಜ್ಯದಲ್ಲಿದ್ದರೆ ಹೈಕೋರ್ಟಿನಲ್ಲಿ, ಸಿವಿಲ್ ಪ್ರಕ್ರಿಯಾ ಸಂಹಿತೆಯ 24ನೇ ಸೆಕ್ಷನ್ ಪ್ರಕಾರ. ರಾಜ್ಯ ಬೇರೆಯಾದರೆ 25ನೇ ಸೆಕ್ಷನ್ ಪ್ರಕಾರ ಸುಪ್ರೀಂ ಕೋರ್ಟಿನಲ್ಲಿ. ಕಲಬುರಗಿಯಿಂದ ಮಂಗಳೂರಿಗೆ ಮೊಕದ್ದಮೆ ತರಲು ಹೈಕೋರ್ಟ್ ಸಾಕು. ಆದರೆ ಸುಮಾರು 50 ಕಿಲೋಮೀಟರ್ ದೂರದ ಕಾಸರಗೋಡಿನಿಂದ ತರಬೇಕಾದರೆ ದೆಹಲಿಗೇ ಅರ್ಜಿ ಹೋಗಬೇಕು, ಏಕೆಂದರೆ ನಡುವೆ ರಾಜ್ಯದ ಗಡಿಯಿದೆ.

ಅರ್ಜಿಯಲ್ಲಿ ನಿಮ್ಮ ಕಷ್ಟವನ್ನು ಸ್ಪಷ್ಟವಾಗಿ ಬರೆಯಿಸಿ: ಮಗುವಿನ ವಯಸ್ಸು, ಆದಾಯ, ಪ್ರಯಾಣದ ದೂರ, ಜೊತೆಗೆ ಬರಲು ಯಾರಿದ್ದಾರೆಂಬುದು, ಅನಾರೋಗ್ಯವಿದ್ದರೆ ಅದರ ದಾಖಲೆ. ವೈವಾಹಿಕ ಮೊಕದ್ದಮೆಗಳಲ್ಲಿ ಸಾಮಾನ್ಯವಾಗಿ ಹೆಂಡತಿಯ ಅನುಕೂಲವನ್ನು ನೋಡಬೇಕೆಂದು ಸುಪ್ರೀಂ ಕೋರ್ಟ್ 2022ರಲ್ಲಿ ಮತ್ತೊಮ್ಮೆ ಹೇಳಿದೆ. ಒಂದೇ ದಂಪತಿಯ ಪರಸ್ಪರ ಸಂಬಂಧಿಸಿದ ಮೊಕದ್ದಮೆಗಳು ಬೇರೆ ಬೇರೆ ಕಡೆ ಇದ್ದರೆ ಒಬ್ಬರೇ ನ್ಯಾಯಾಧೀಶರು ವಿಚಾರಿಸುವುದು ಒಳ್ಳೆಯದೆಂದೂ ಅದೇ ತೀರ್ಪಿನಲ್ಲಿದೆ. ಜೀವನಾಂಶದ ಅರ್ಜಿಯನ್ನು ನೀವು ವಾಸಿಸುವ ಊರಿನಲ್ಲೇ ಹಾಕಬಹುದಾದ್ದರಿಂದ ಈ ಮಾತು ನಿಮಗೆ ಉಪಯುಕ್ತ.

ಹಾಗೆಂದು ಹೆಣ್ಣು ಕೇಳಿದೊಡನೆ ವರ್ಗಾವಣೆ ಸಿಗುತ್ತದೆ ಎಂದುಕೊಳ್ಳಬೇಡಿ. ಈ ರಿಯಾಯಿತಿಯ ದುರುಪಯೋಗವಾಗುತ್ತಿದೆ ಎಂದು ಸುಪ್ರೀಂ ಕೋರ್ಟ್ ಹಿಂದೆ ಎಚ್ಚರಿಸಿತ್ತು. ಗಂಡನ ವಯಸ್ಸಾದ ತಂದೆ-ತಾಯಿ, ಅನಾರೋಗ್ಯ, ಸಾಕ್ಷಿಗಳಿರುವ ಊರು ಇವನ್ನೂ ನ್ಯಾಯಾಲಯ ತೂಗಿ ನೋಡಬಹುದು. ಸುಳ್ಳು ಹೇಳಬೇಡಿ, ಉತ್ಪ್ರೇಕ್ಷೆಯೂ ಬೇಡ. ವರ್ಗಾವಣೆ ಸಿಗದಿದ್ದರೂ ನಿಮ್ಮ ಹಾಗೂ ಜೊತೆಗಾರರ ಪ್ರಯಾಣ ಮತ್ತು ವಾಸ್ತವ್ಯದ ವೆಚ್ಚವನ್ನು ಗಂಡ ಭರಿಸಲಿ ಎಂದು ಕೇಳಬಹುದು.

ಹಲವರಿಗೆ ತಿಳಿಯದ ಒಂದು ವಿಷಯವಿದೆ. ವರ್ಗಾವಣೆಗೆ ಅರ್ಜಿ ಹಾಕಿದ ಮಾತ್ರಕ್ಕೆ ಅಲ್ಲಿನ ವಿಚಾರಣೆ ನಿಲ್ಲುವುದಿಲ್ಲ. ಅದಕ್ಕೆ ತಡೆಯಾಜ್ಞೆಯನ್ನೂ ಕೇಳಬೇಕು. ತಡೆಯಾಜ್ಞೆ ಸಿಗುವ ತನಕ ಅಲ್ಲಿನ ತಾರೀಕುಗಳನ್ನು ತಪ್ಪಿಸಬೇಡಿ. ನಿಮಗೆ ಹೋಗಲಾಗದಿದ್ದರೆ ವರ್ಗಾವಣೆಗೆ ಅರ್ಜಿ ಹಾಕಿರುವುದನ್ನು ವಕೀಲರ ಮೂಲಕ ಆ ನ್ಯಾಯಾಲಯಕ್ಕೆ ತಿಳಿಸಿ. ವರ್ಗಾವಣೆಯಾದ ನಂತರ ಹೊಸ ನ್ಯಾಯಾಲಯವು ವಿಚಾರಣೆಯನ್ನು ನಿಂತ ಹಂತದಿಂದ ಮುಂದುವರಿಸಬಹುದು, ಮೊದಲಿನಿಂದಲೂ ನಡೆಸಬಹುದು.

ವಕೀಲರಿಗೆ ಕೊಡಲು ಹಣವಿಲ್ಲವೆಂದು ಹಿಂಜರಿಯಬೇಡಿ. 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯ ಪ್ರಕಾರ ಮಹಿಳೆಯರು, ಆದಾಯ ಎಷ್ಟೇ ಇರಲಿ, ಉಚಿತ ಕಾನೂನು ನೆರವಿಗೆ ಅರ್ಹರು. ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರದಲ್ಲಿ ವಿಚಾರಿಸಿ, ಅಥವಾ 15100ಕ್ಕೆ ಕರೆ ಮಾಡಿ. ಹೈಕೋರ್ಟಿಗೂ ಸುಪ್ರೀಂ ಕೋರ್ಟಿಗೂ ಪ್ರತ್ಯೇಕ ಕಾನೂನು ಸೇವಾ ಸಮಿತಿಗಳಿವೆ.

ಹಿರಿಯರ ರಾಜಿ ಪಂಚಾಯಿತಿ ನಡೆಯುತ್ತಿದ್ದರೆ ನಡೆಯಲಿ, ಒಳಿತೇ ಆಗಲಿ. ಆದರೆ ಅದನ್ನೇ ನಂಬಿ ಸಮನ್ಸ್ ಕಾಗದವನ್ನು ಕಪಾಟಿನಲ್ಲಿಡಬೇಡಿ. ಅದರಲ್ಲಿರುವ ತಾರೀಕನ್ನು ಮೊದಲು ನೋಡಿಕೊಳ್ಳಿ, ಮರುದಿನವೇ ವಕೀಲರನ್ನು ಕಾಣಿ. ನೆರೆಮನೆಯ ಹೆಣ್ಣುಮಗಳಿಗೆ ಇಂಥ ಕಾಗದ ಬಂದಿದ್ದರೆ ಅವಳಿಗೂ ಇದನ್ನು ತಿಳಿಸಿ.